ಎಂಟು ಚೌಕದ ಪಾದ್ರಿ

ಮನಾಮಾದಲ್ಲಿ, ಗುದೈಬಿಯಾದ ಆಚೆ, ಐಸ್ ಫ್ಯಾಕ್ಟರಿಯ ಬೆನ್ನಿಗೆ
ಮಾಡಿಲ್ಲದ ಒಂದು ಟಾಕೀಸು.
ಸುಣ್ಣ ಬಳಿದ ಗೋಡೆಯೇ ಪರದೆ.
ಎಡಗಡೆ ಒಂದು ಬಿರುಕು;
ಅಲ್ಲಿ ಬಂದು ನಿಂತವರೆಲ್ಲರ ಮೊಣಕಾಲು ಮುರಿದೇ ಇರುತ್ತಿತ್ತು.

ನಾನು ಅಲ್ಲಿ ರೀಲು ಸುತ್ತುವವನು.
ಮೂವತ್ತು ದಿನಾರು, ಮಲಗಲು ಯಂತ್ರದ ಕೋಣೆ,
ಬೇಸಗೆಯಲ್ಲಿ ಪುಕ್ಕಟೆ ಐಸು.

ಆ ಗುರುವಾರ ಬಂದದ್ದು ಇಟಲಿಯವರ ಕುದುರೆ ಸಿನಿಮಾ.
ಕರಿ ನಿಲುವಂಗಿ, ಕರಿ ಟೊಪ್ಪಿ, ಒಬ್ಬ ಪಾದ್ರಿ.
ಕಾಣಿಕೆ ಡಬ್ಬಿಯೊಳಗೆ ಪಿಸ್ತೂಲು.
ನಾಣ್ಯ ಹಾಕಿದರೆ ಆಶೀರ್ವಾದ,
ಬರಿಗೈ ಹಾಕಿದರೆ ಗುಂಡು.

ಅವನ ತುಟಿ ಇಟಲಿಯಲ್ಲಿ ಆಡುತ್ತಿತ್ತು,
ದನಿ ಇಂಗ್ಲಿಷಿನಲ್ಲಿ, ತುಟಿ ಮುಚ್ಚಿದ ಮೇಲೂ ಅರೆಗಳಿಗೆ;
ಕಾಲಡಿಯಲ್ಲಿ ಬಲದಿಂದ ಎಡಕ್ಕೆ ಅರಬ್ಬಿ ಅಕ್ಷರ.
ಹಿಂದಿನ ಬೆಂಚಿನಲ್ಲಿ ಉಚ್ಚಿಲದ ಇದಿನಬ್ಬ
ಮೂರನ್ನೂ ಬಿಟ್ಟು ತನ್ನದೇ ಹೇಳುತ್ತಿದ್ದ:
"ನೋಡಿ, ಈಗ ಹೇಳ್ತಾನೆ, ಸಂಬಳ ಮುಂದಿನ ತಿಂಗಳು ಅಂತ."
ಇಡೀ ಬೆಂಚು ನಕ್ಕು, ಗುಂಡಿನ ಸದ್ದು ಕೇಳಲೇ ಇಲ್ಲ.

ಕುದುರೆ ಓಡಿದ ಮರಳು ನೋಡಿ ಯಾರೋ ಕೂಗಿದರು:
ಮಾರಾಯ, ಇದು ನಮ್ಮ ಡ್ರೈಡಾಕಿನ ಹಿಂದಿನದ್ದೇ!
ಅಷ್ಟರಲ್ಲಿ ಶಮಾಲ್ ಗಾಳಿ.
ಗೋಡೆಯ ಒಳಗಿನ ಧೂಳು ಯಾವುದು, ಹೊರಗಿನದು ಯಾವುದು,
ಎಲ್ಲರೂ ಒಟ್ಟಿಗೆ ಕಣ್ಣುಜ್ಜಿಕೊಂಡೆವು,
ಪಾದ್ರಿಯೂ.

ಶಿಲುಬೆ ಕಂಡಲ್ಲೆಲ್ಲ ಮೇಲಿನ ಕಚೇರಿಯ ಕತ್ತರಿ.
ವಿಧವೆಯ ಮುತ್ತು ಹೋಯಿತು, ಸಾರಾಯಿ ಅರ್ಧ ಹೋಯಿತು,
ತಾನೇ ಕೊಂದವನ ಬಳಿ ಅವನು ಮಂಡಿಯೂರಿ
ಎವೆ ಮುಚ್ಚಿ, ಹಣೆಗೆ ಹೆಬ್ಬೆರಳಿನಿಂದ ಗುರುತು ಹಾಕುವ
ನಾಲ್ಕು ಸೆಕೆಂಡೂ ಹೋಯಿತು.
ಪಿಸ್ತೂಲಿಗೆ ಮಾತ್ರ ಯಾರೂ ಕತ್ತರಿ ತಾಗಿಸಲಿಲ್ಲ.
ಅಂಟು ಹಾಕಿ ಜೋಡಿಸಿದವನು ನಾನೇ:
ಇಲ್ಲಿ ಒಬ್ಬ ಬೀಳುತ್ತಾನೆ,
ಪಾದ್ರಿ ಆಗಲೇ ಕುದುರೆಯ ಮೇಲೆ.
ಹೀಗೆ ಬಹರೈನಿನಲ್ಲಿ ಅವನು ಅವಸರದವನಾದ.

ಲಾದ್ರು, ಕಲ್ಯಾಣಪುರದವ, ಡ್ರೈಡಾಕಿನ ವೆಲ್ಡರು,
ಆಟ ಬಿಟ್ಟ ಮೇಲೆ ಏಣಿ ಹತ್ತಿ ಬಂದ.
"ಎಂಥ ಪಾದ್ರಿ ಇವ? ಕೊಂದ, ಒಂದು ಕುರ್ಸು ಹಾಕಲಿಲ್ಲ."
ನಗಲು ಹೊರಟವನು ಅವನ ಮುಖ ನೋಡಿ ನಿಲ್ಲಿಸಿದೆ.
ಅವನ ಪಕ್ಕದ ಮಂಚದ ಬಸ್ತ್ಯಾಂವ
ಹಡಗಿನ ಟ್ಯಾಂಕಿಗಿಳಿದು ಉಸಿರುಗಟ್ಟಿ ಹೋಗಿ ಹತ್ತೊಂಬತ್ತು ದಿನ.
ಎಲ್ಲಿಂದಲೋ ಒಂದು ಕಾಗದ ಬರಬೇಕಿತ್ತು.
ಅಲ್ಲಿಯತನಕ ಅವನಿಗೂ ಐಸು.

ಬಿಸ್ಕಿಟಿನ ಡಬ್ಬಿ ತೆರೆದೆ.
ಕತ್ತರಿಗೆ ಬಿದ್ದದ್ದೆಲ್ಲ ಅದರಲ್ಲಿ ಸುರುಳಿ ಸುರುಳಿ.
ತೊಂಬತ್ತಾರು ಚೌಕ ಪೂರ್ತಿ ಕೊಡಲಾರೆ, ಲೆಕ್ಕ ಕೇಳುತ್ತಾರೆ;
ಎಂಟು ಕೊಟ್ಟೆ.
ಸೆಕೆಂಡಿನ ಮೂರನೇ ಒಂದು ಪಾಲು.
ಅವನು ಟ್ಯೂಬ್‌ಲೈಟಿಗೆ ಹಿಡಿದ.
ಎಂಟರಲ್ಲೂ ಅದೇ ಪಾದ್ರಿ, ಎಡಗೈಯಲ್ಲಿ ಅದೇ ಪಿಸ್ತೂಲು,
ಬಲಗೈ ಹೆಬ್ಬೆರಳು ಮಾತ್ರ
ಒಂದರಿಂದ ಒಂದಕ್ಕೆ ಕೂದಲೆಳೆಯಷ್ಟು ಕೆಳಗೆ.
ಎಂಟನೆಯದರಲ್ಲೂ ಹಣೆ ಮುಟ್ಟಿರಲಿಲ್ಲ.
"ಮುಟ್ಟಿದ್ದು ಇಲ್ವಾ?" ಎಂದ.
ಹುಡುಕಿದೆ. ಅದು ಕತ್ತರಿಯ ಬಾಯಿಗೆ ಸಿಕ್ಕಿ ಉದ್ದಕ್ಕೆ ಸೀಳಿತ್ತು.
"ಸಾಕು," ಎಂದ, "ಮಿಕ್ಕದ್ದು ನಾನು ನೋಡಿಕೊಳ್ತೇನೆ."

ಮೂರು ವರ್ಷದ ಮೇಲೆ ಊರಿಂದ ಅವನ ಕಾಗದ,
ಸೊಟ್ಟ ಅಕ್ಷರ, ಅರ್ಧ ಮನೆ ಕಟ್ಟುವ ಸುದ್ದಿ.
ಕೊನೆಗೆ ಇಷ್ಟು:
ಸಾಂತಾಕ್ರೂಜಿನಲ್ಲಿ ಕಸ್ಟಮ್ಸಿನವ ಟೇಪ್‌ರೆಕಾರ್ಡರು ಬಿಚ್ಚಿದ,
ಸೆಂಟಿನ ಬಾಟ್ಲಿ ಮೂಸಿದ,
ಪಾಸ್‌ಪೋರ್ಟಿನೊಳಗಿನ ಪಟ್ಟಿ ಎತ್ತಿ ಬೆಳಕಿಗೆ ಹಿಡಿದ.
ಯಾರಿವ, ಎಂದ.
ನಮ್ಮ ಕ್ಯಾಂಪಿನ ಪಾದ್ರಿ, ಎಂದೆ.
ಕೈಯಲ್ಲಿ ಪಿಸ್ತೂಲು?
ಅಲ್ಲಿ ಹಾಗೆ ಸಾರ್, ಎಂದೆ.
ಸುಂಕ ಹಾಕದೆ ಬಿಟ್ಟ.